ಹೆಸರುಗಳು ಓಡುವಾಗ ಸಂಗೀತ ಏನು ಮಾಡ್ತಿರಬೇಕು?

ಕಿರು ಆನಿಮೇಷನ್ ಚಿತ್ರಗಳಿಗೆ ಸೌಂಡ್ ಕೂರಿಸೋದು ನನ್ನ ಕೆಲಸ. ಬರುವವರಲ್ಲಿ ಹೆಚ್ಚಿನವರು ಚಿತ್ರ ಪೂರ್ತಿ ಮುಗಿಸಿಕೊಂಡೇ ಬರುತ್ತಾರೆ. ಆರೇಳು ನಿಮಿಷದ ಚಿತ್ರ, ಕೊನೆಗೊಂದು ಕಪ್ಪು ಪರದೆ, ಅದರ ಮೇಲೆ ಬಿಳಿ ಅಕ್ಷರದಲ್ಲಿ ಹೆಸರುಗಳು. ‘ಅಲ್ಲಿಗೆ ಯಾವುದಾದ್ರೂ ಒಂದು ಟ್ರ್ಯಾಕ್ ಹಾಕಿ, ಆಮೇಲೆ ಫೇಡ್ ಮಾಡಿದ್ರೆ ಆಯ್ತು’ ಅಂತಾರೆ. ಹಾಗೆ ಆಗೋದಿಲ್ಲ. ಹೆಸರುಗಳು ಓಡುವ ಆ ಅರ್ಧ ನಿಮಿಷವೂ ಚಿತ್ರವೇ. ಅಲ್ಲಿ ಏನು ಕೇಳಿಸಬೇಕು ಅನ್ನೋದು ಆನಿಮ್ಯಾಟಿಕ್, ಅಂದ್ರೆ ಕಚ್ಚಾ ಚಿತ್ರಗಳನ್ನ ಸಮಯಕ್ಕೆ ಸರಿಯಾಗಿ ಜೋಡಿಸಿದ ಮೊದಲ ವಿಡಿಯೊ, ಮಾಡುವಾಗಲೇ ತೀರ್ಮಾನ ಆಗಿರಬೇಕು.

ಅಷ್ಟು ಬೇಗ ಯಾಕೆ? ಆನಿಮೇಷನ್‌ನಲ್ಲಿ ಸಂಗೀತ ಅಂದ್ರೆ ಲೆಕ್ಕ. ಸೆಕೆಂಡಿಗೆ 24 ಫ್ರೇಮ್. ನಿಮಿಷಕ್ಕೆ 120 ಬೀಟ್ ಇಟ್ಟರೆ ಒಂದು ಬೀಟಿಗೆ ಸರಿಯಾಗಿ 12 ಫ್ರೇಮ್ ಬರುತ್ತೆ, 90 ಇಟ್ಟರೆ 16. ಅದೇ 100 ಇಟ್ಟು ನೋಡಿ, 14.4. ಆ ಪಾಯಿಂಟ್ ನಾಲ್ಕು ಫ್ರೇಮನ್ನ ಯಾರು ಬರೆಯೋದು? ಹಾಗಾಗಿ ಹೆಜ್ಜೆ ತಾಳಕ್ಕೆ ಬೀಳಬೇಕು ಅಂದ್ರೆ ಟೆಂಪೊ (ತಾಳದ ವೇಗ) ಮೊದಲೇ ಗೊತ್ತಿರಬೇಕು. 1928ರ ಮಿಕಿ ಮೌಸ್ ಕಾರ್ಟೂನ್ ‘ಸ್ಟೀಮ್‌ಬೋಟ್ ವಿಲ್ಲಿ’ಗೆ ಆರ್ಕೆಸ್ಟ್ರಾ ರೆಕಾರ್ಡ್ ಮಾಡುವಾಗ ವಾದ್ಯವೃಂದ ನಡೆಸುವವನಿಗೆ ತಾಳ ತಪ್ಪದಿರಲಿ ಅಂತ ಫಿಲ್ಮಿನ ಮೇಲೇ ಪುಟಿಯೋ ಚೆಂಡೊಂದನ್ನ ಅಚ್ಚು ಹಾಕಿದ್ದರು. ಪ್ರತಿ ಹೆಜ್ಜೆಗೂ ಒಂದು ಸ್ವರ ಅಂಟಿಸುವ ಆ ರೀತಿಗೆ ಇವತ್ತಿಗೂ ‘ಮಿಕಿ ಮೌಸಿಂಗ್’ ಅಂತಲೇ ಹೆಸರು. ತಮಾಷೆಗೆ ಚೆನ್ನಾಗಿದೆ, ಜಾಸ್ತಿ ಆದ್ರೆ ತಲೆನೋವು.

ಈಗ ಕ್ರೆಡಿಟ್ಸ್‌ಗೆ ಬರೋಣ. ಎರಡೂವರೆ ಗಂಟೆಯ ಸಿನಿಮಾದಲ್ಲಿ ಹೆಸರು ಶುರುವಾದ ಕೂಡಲೇ ಜನ ಚಪ್ಪಲಿ ಹುಡುಕ್ತಾರೆ. ಕಿರುಚಿತ್ರದಲ್ಲಿ ಪರಿಸ್ಥಿತಿ ಬೇರೆ. ಕಥೆ ತಿರುಗೋದೇ ಕೊನೆಯ ಇಪ್ಪತ್ತು ಸೆಕೆಂಡಿನಲ್ಲಿ, ನೋಡುವವರಿಗೆ ಅದು ಅರಗೋಕೆ ಸಮಯವೇ ಸಿಕ್ಕಿರೋದಿಲ್ಲ. ಫೆಸ್ಟಿವಲ್‌ಗಳಲ್ಲಿ ಒಂದರ ಹಿಂದೆ ಒಂದು ಚಿತ್ರ ಹಾಕ್ತಾರೆ, ಅಂದ್ರೆ ನಿಮ್ಮ ಚಿತ್ರಕ್ಕೂ ಮುಂದಿನವರ ಚಿತ್ರಕ್ಕೂ ನಡುವೆ ಉಸಿರಾಡೋಕೆ ಇರೋ ಜಾಗ ನಿಮ್ಮ ಕ್ರೆಡಿಟ್ಸ್ ಒಂದೇ. ಅಲ್ಲಿ ಸಂಬಂಧವೇ ಇಲ್ಲದ ಗಿಟಾರ್ ಟ್ರ್ಯಾಕ್ ಬಂದ್ರೆ ಅಷ್ಟೊತ್ತು ಕಟ್ಟಿದ್ದೆಲ್ಲ ಹೋಯ್ತು.

ನನಗೆ ಇಷ್ಟವಾದ ದಾರಿ ಹೀಗಿದೆ. ಚಿತ್ರದುದ್ದಕ್ಕೂ ಮುಖ್ಯ ಟ್ಯೂನು ಷಡ್ಜಕ್ಕೆ, ಅಂದ್ರೆ ನೆಲೆ ನಿಲ್ಲುವ ‘ಸ’ ಸ್ವರಕ್ಕೆ, ಬರೋದೇ ಇಲ್ಲ, ಅದರ ಹಿಂದಿನ ನಿಷಾದದಲ್ಲೇ (‘ನಿ’) ನೇತಾಡ್ತಿರುತ್ತೆ. ಕೊನೆಯ ಶಾಟ್ ಕಪ್ಪಾದಾಗ ಸಂಗೀತವನ್ನೂ ನಿಲ್ಲಿಸಿ, ಆ ದೃಶ್ಯದ ಮಳೆಯ ಸದ್ದನ್ನೋ ಗಾಳಿಯ ಸದ್ದನ್ನೋ ಮಾತ್ರ ನಾಲ್ಕೈದು ಸೆಕೆಂಡ್ ಬಿಡ್ತೀನಿ. ಆಮೇಲೆ ಮೊದಲ ಹೆಸರಿನ ಜೊತೆ ಅದೇ ಟ್ಯೂನು, ಒಂದೇ ವಾದ್ಯದಲ್ಲಿ, ಈ ಸಲ ಷಡ್ಜಕ್ಕೆ ಬಂದು ನಿಲ್ಲುತ್ತೆ. ಇದು ಎಲ್ಲ ಚಿತ್ರಕ್ಕೂ ಹೊಂದಲ್ಲ, ಶುದ್ಧ ಕಾಮಿಡಿಗೆ ಮಾಡಿದ್ರೆ ಸುಮ್ನೆ ಅಳುಮುಂಜಿ ಆಗುತ್ತೆ. ಅಲ್ಲಿ ಹೆಸರುಗಳ ಪಕ್ಕದಲ್ಲಿ ಇನ್ನೊಂದು ಸಣ್ಣ ಗ್ಯಾಗ್ ಇಟ್ಟು, ಟ್ಯೂನನ್ನ ದುಪ್ಪಟ್ಟು ವೇಗದಲ್ಲಿ ಬಾರಿಸಿದ್ರೆ ಸಾಕು.

ಹತ್ತು ಜನರ ತಂಡಕ್ಕೆ ಹೆಸರುಗಳು ಕೆಳಗಿಂದ ಮೇಲೆ ಓಡುವ ಸ್ಕ್ರೋಲ್ ಬೇಡ, ಎರಡು ಮೂರು ಹೆಸರು ನಿಂತು ಬದಲಾಗುವ ಕಾರ್ಡ್ ಹಾಕಿ. 120ರ ಟೆಂಪೊದಲ್ಲಿ ಎಂಟು ಬೀಟ್ ಅಂದ್ರೆ ನಾಲ್ಕು ಸೆಕೆಂಡ್. ಎರಡು ಮೂರು ಹೆಸರು ಓದೋಕೆ ಅಷ್ಟು ಧಾರಾಳ, ಕಾರ್ಡ್ ಕೂಡ ತಾಳಕ್ಕೇ ಬದಲಾಗುತ್ತೆ. ಸ್ಕ್ರೋಲೇ ಬೇಕು ಅಂದ್ರೆ ಫ್ರೇಮಿಗೆ ಇಷ್ಟು ಅಂತ ಪೂರ್ಣ ಪಿಕ್ಸೆಲ್‌ನಲ್ಲೇ ಓಡಿಸಿ, ಇಲ್ಲದಿದ್ರೆ ಅಕ್ಷರ ನಡುಗುತ್ತೆ, ನಮ್ಮ ಒತ್ತಕ್ಷರಗಳಂತೂ ಕಲಸಿಹೋಗುತ್ತವೆ. 1080 ಸಾಲಿನ ಪರದೆಯಲ್ಲಿ ಫ್ರೇಮಿಗೆ 3 ಪಿಕ್ಸೆಲ್ ಅಂದ್ರೆ ಒಂದು ಹೆಸರು ಕೆಳಗಿಂದ ಮೇಲೆ ಹೋಗೋಕೆ 15 ಸೆಕೆಂಡ್. ಸಂಗೀತ ಮುಗಿದ ಮೇಲೂ ಎರಡು ಸೆಕೆಂಡ್ ಕಪ್ಪು ಬಿಡಿ, ಕೊನೆಯ ಸ್ವರದ ಅನುರಣನ ಕಚಕ್ಕಂತ ಕಟ್ ಆಗೋದು ತಪ್ಪುತ್ತೆ. ಉದ್ದದ ಮೇಲೂ ಕಣ್ಣಿರಲಿ. ಆಸ್ಕರ್‌ನ ಕಿರುಚಿತ್ರ ವಿಭಾಗದ 40 ನಿಮಿಷದ ಮಿತಿಯಲ್ಲಿ ಕ್ರೆಡಿಟ್ಸೂ ಸೇರುತ್ತೆ.

ಇನ್ನು ಹಕ್ಕಿನ ವಿಷಯ. ಬೇರೆಯವರ ಹಾಡು ಬಳಸಿದ್ರೆ ಎರಡು ಅನುಮತಿ ಬೇಕು, ರಚನೆಗೊಂದು, ಆ ರೆಕಾರ್ಡಿಂಗಿಗೊಂದು. ಎಷ್ಟೋ ಜನ ಒಂದನ್ನ ತಗೊಂಡು ಸುಮ್ಮನಾಗ್ತಾರೆ. ಕ್ರಿಯೇಟಿವ್ ಕಾಮನ್ಸ್ ಬಿವೈ (ಹೆಸರು ಹೇಳಿ ಯಾರು ಬೇಕಾದ್ರೂ ಬಳಸಬಹುದು ಅನ್ನೋ) ಲೈಸೆನ್ಸಿನ ಸಂಗೀತ ಪುಕ್ಕಟೆ ಸಿಕ್ಕರೂ ಅದನ್ನ ಮಾಡಿದವರ ಹೆಸರು ಹಾಕಲೇಬೇಕು. ಆ ಸಾಲನ್ನ ಲೈಸೆನ್ಸಿನಲ್ಲಿ ಹೇಳಿರುವ ಹಾಗೇ ಬರೆಯಿರಿ. ಅನುಮತಿ ಫೆಸ್ಟಿವಲ್‌ಗೆ ಮಾತ್ರವೋ ಆನ್‌ಲೈನ್‌ಗೂ ಇದೆಯೋ ಅನ್ನೋದನ್ನ ಚಿತ್ರ ಅಪ್‌ಲೋಡ್ ಮಾಡೋಕೆ ಮುಂಚೆಯೇ ನೋಡ್ಕೊಳ್ಳಿ.