ಮೆಜೆಸ್ಟಿಕ್‌ನ 20 ಸೆಕೆಂಡ್: ಸಿವಿಲ್ ಓದುವವರಿಗೆ ಒಂದು ಟಿಪ್ಪಣಿ

ಟ್ರಾನ್ಸ್‌ಪೋರ್ಟೇಷನ್ (ಸಾರಿಗೆ) ಪೇಪರನ್ನು ಸಿವಿಲ್ ಇಂಜಿನಿಯರಿಂಗ್ ಓದುವ ನಮ್ಮಲ್ಲಿ ಜಾಸ್ತಿ ಜನ ಸುಮ್ನೆ ಪಾಸಾಗೋಕೆ ಓದುತ್ತಾರೆ. ನಾನೂ ಹಾಗೇ ಓದಿದವನು. ಬೀಮು, ಕಾಲಂ ಬಂದರೆ ಸಾಕು ಅನ್ನುವ ಧೈರ್ಯ. ಮೆಟ್ರೋ ಕಡೆ ಹೋಗುವ ಆಸೆ ಇದ್ದರೆ ಆ ಧೈರ್ಯ ಬೇಡ.

ದೆಹಲಿ ಮೆಟ್ರೋ ಕಟ್ಟಿಸಿದ ಇಂಜಿನಿಯರ್ ಇ. ಶ್ರೀಧರನ್ ಅವರನ್ನೇ ನೋಡಿ. ಕಾಕಿನಾಡದಲ್ಲಿ ಸಿವಿಲ್ ಮುಗಿಸಿ ಕಲ್ಲಿಕೋಟೆಯ ಪಾಲಿಟೆಕ್ನಿಕ್‌ನಲ್ಲಿ ಸ್ವಲ್ಪ ಕಾಲ ಪಾಠ ಮಾಡಿದರು, ಆಮೇಲೆ ರೈಲ್ವೆ ಸೇರಿದರು. 1964ರ ಚಂಡಮಾರುತಕ್ಕೆ ಕೊಚ್ಚಿಹೋದ ಪಾಂಬನ್ ಸೇತುವೆಯನ್ನು 46 ದಿನಕ್ಕೆ ರಿಪೇರಿ ಮಾಡಿಸಿದರು. ನಮ್ಮ ಕರಾವಳಿಯ ಕೊಂಕಣ ರೈಲ್ವೆ ಕಟ್ಟಿಸಿದರು, ಮುಂದೆ ದೆಹಲಿ ಮೆಟ್ರೋ. ಅಲ್ಲಿ ಗಡುವಿಗೆ ಎಷ್ಟು ದಿನ ಉಳಿದಿದೆ ಅಂತ ತೋರಿಸುವ ಗಡಿಯಾರವನ್ನೇ ಗೋಡೆಗೆ ಹಾಕಿಸಿದ್ದರು. ಕಟ್ಟುವಾಗ ದಿನದ ಲೆಕ್ಕ. ರೈಲು ಓಡತೊಡಗಿದ ಮೇಲೆ ಸೆಕೆಂಡಿನ ಲೆಕ್ಕ.

ಆ ಸೆಕೆಂಡಿನ ಲೆಕ್ಕ ನನಗೆ ಅರ್ಥವಾಗಿದ್ದು ಬೆಂಗಳೂರಿನ ಮೆಜೆಸ್ಟಿಕ್ ಮೆಟ್ರೋ ಸ್ಟೇಷನ್ನಿನಲ್ಲಿ. ಸಂಜೆ ಆರೂವರೆಗೆ ನಿಂತು, ಬಾಗಿಲು ಎಷ್ಟು ಹೊತ್ತು ತೆರೆದಿರುತ್ತೆ ಅಂತ ಮೊಬೈಲಿನಲ್ಲಿ ಅಳೆಯುವ ಅಸೈನ್‌ಮೆಂಟ್. ಮೊದಲ ದಿನ ತಳ್ಳಾಟದಲ್ಲಿ ನಾನೇ ರೈಲಿನೊಳಗೆ ಹೋಗಿಬಿಟ್ಟೆ, ಅದು ಬಿಡಿ.

ಎರಡು ಪದ ನೆನಪಿಡಿ. ಒಂದು ರೈಲಿಗೂ ಮುಂದಿನ ರೈಲಿಗೂ ನಡುವಿನ ಸಮಯ ಹೆಡ್‌ವೇ. ಸ್ಟೇಷನ್ನಿನಲ್ಲಿ ರೈಲು ನಿಲ್ಲುವ ಸಮಯ ಡ್ವೆಲ್ ಟೈಮ್. ಆರು ಬೋಗಿಯ ರೈಲಿಗೆ 2000 ಜನ, ಹೆಡ್‌ವೇ 150 ಸೆಕೆಂಡ್ ಅಂದುಕೊಳ್ಳೋಣ. 3600ನ್ನು 150ರಿಂದ ಭಾಗಿಸಿದರೆ ಗಂಟೆಗೆ 24 ರೈಲು, 48,000 ಜನ. ಈಗ ಮೆಜೆಸ್ಟಿಕ್‌ನಲ್ಲಿ ಇಳಿಯುವವರು, ಹತ್ತುವವರು ಸಿಕ್ಕಿಕೊಂಡು ಪ್ರತಿ ರೈಲೂ 20 ಸೆಕೆಂಡ್ ಜಾಸ್ತಿ ನಿಂತಿತು ಅನ್ನಿ. ಹಿಂದಿನ ರೈಲು ಸುರಂಗದಲ್ಲೇ ಕಾಯಬೇಕು. ಹೆಡ್‌ವೇ 170 ಆಯಿತು, ಗಂಟೆಗೆ 21 ರೈಲು, 42,000 ಜನ. 6000 ಜನ ಹೊರಗೆ! ಬಸ್ಸಿಗೆ 60 ಜನ ಅಂದರೂ ನೂರು ಬಸ್ಸಿನಷ್ಟು ಜನ.

ಇದರಲ್ಲಿ ಸಿವಿಲ್‌ನವರ ಕೆಲಸ ಏನು ಅಂತೀರಾ? ಜನ ಸಿಕ್ಕಿಕೊಳ್ಳುವುದು ಮೆಟ್ಟಿಲಿನ ಬುಡದಲ್ಲಿ. ಮೆಜೆಸ್ಟಿಕ್‌ನಲ್ಲಿ ನೇರಳೆ, ಹಸಿರು ಮಾರ್ಗಗಳು ಒಂದರ ಮೇಲೊಂದು ಇವೆ. ಮೆಟ್ಟಿಲು ಎಷ್ಟು ಅಗಲ, ಎಸ್ಕಲೇಟರ್ ಎಲ್ಲಿ ಅನ್ನುವುದು ಮಣ್ಣು ಅಗೆಯುವ ಮೊದಲೇ ತೀರ್ಮಾನವಾಗಿರುತ್ತದೆ. ಆಮೇಲೆ ಕಂಬ ಸರಿಸೋಕಾಗಲ್ಲ, ಅಲ್ವಾ? ಸರಿಯಾಗಿ ಯೋಚಿಸಿದ್ದಕ್ಕೂ ಉದಾಹರಣೆ ಇದೆ. 2011ರ ಅಕ್ಟೋಬರ್ 20ರಂದು ಬೈಯಪ್ಪನಹಳ್ಳಿ–ಎಂ.ಜಿ. ರಸ್ತೆ ನಡುವೆ ಬೆಂಗಳೂರಿನ ಮೊದಲ ಮೆಟ್ರೋ ಓಡಿದಾಗ ಇದ್ದದ್ದು ಮೂರು ಬೋಗಿಯ ರೈಲು. ಪ್ಲಾಟ್‌ಫಾರಂ ಮಾತ್ರ ಆರು ಬೋಗಿಗೇ ಕಟ್ಟಿದ್ದರು. 2018ರಲ್ಲಿ ಆರು ಬೋಗಿ ಬಂದಾಗ ಒಡೆಯುವ ಕೆಲಸ ಬೀಳಲಿಲ್ಲ.

ಶ್ರೀಧರನ್ ಅವರಂತೆ ಪಾಠ ಮಾಡುವ ದಾರಿ ಬೇಕಿದ್ದರೆ ಗೇಟ್ (ಎಂ.ಟೆಕ್ ಸೇರಲು ಬರೆಯುವ ಪರೀಕ್ಷೆ) ಬರೆದು ಟ್ರಾನ್ಸ್‌ಪೋರ್ಟೇಷನ್‌ನಲ್ಲಿ ಎಂ.ಟೆಕ್ ಮಾಡಿ, ಮುಂದೆ ಪಿಎಚ್.ಡಿ. ನಮ್ಮ ಊರಲ್ಲೇ ಭಾರತೀಯ ವಿಜ್ಞಾನ ಸಂಸ್ಥೆಯಲ್ಲಿ ಈ ವಿಷಯದ ಸಂಶೋಧನೆ ನಡೆಯುತ್ತದೆ.

ಅಸೈನ್‌ಮೆಂಟ್ ಮುಗಿಸಿ ಒಪ್ಪಿಸಿದಾಗ ನಮ್ಮ ಮೇಷ್ಟ್ರು ನನ್ನ ಅಂಕಿಗಳನ್ನು ನೋಡಲೇ ಇಲ್ಲ. ಪ್ಲಾಟ್‌ಫಾರಂನ ಖಾಲಿ ನಕ್ಷೆ, ಪೆನ್ಸಿಲ್ ಮುಂದಿಟ್ಟು, "ಮೆಟ್ಟಿಲು ಎಲ್ಲಿ ಇಡ್ತೀಯಪ್ಪಾ?" ಅಂದರು.