ಬಿಲ್ಡರ್ ಕಂಪನಿಯ ನಿಜವಾದ ಇತಿಹಾಸ ಎಲ್ಲಿ ಬರೆದಿರುತ್ತದೆ?

‘ಮೂವತ್ತು ವರ್ಷಗಳ ಅನುಭವ’ ಎಂದು ಬ್ರೋಷರಿನ ಮೊದಲ ಪುಟದಲ್ಲೇ ದಪ್ಪಕ್ಷರದಲ್ಲಿ ಅಚ್ಚಾಗಿರುತ್ತದೆ. ಫ್ಲ್ಯಾಟ್ ಕೊಳ್ಳುವವರು ಅದನ್ನು ಓದಿಯೇ ಅರ್ಧ ಮನಸ್ಸು ಮಾಡಿಬಿಡುತ್ತಾರೆ. ಕ್ರಯದ ಕರಾರಿಗೆ ಸಹಿ ಹಾಕುವುದು ಯಾರು ಎಂದು ನೋಡಿದರೆ ಅಲ್ಲಿರುವುದು ಬೇರೆಯದೇ ಹೆಸರು. ಪ್ರತಿ ಪ್ರಾಜೆಕ್ಟಿಗೂ ಒಂದೊಂದು ಎಲ್‌ಎಲ್‌ಪಿ (ಸೀಮಿತ ಹೊಣೆಗಾರಿಕೆಯ ಪಾಲುದಾರಿಕೆ ಸಂಸ್ಥೆ) ಅಥವಾ ಪ್ರೈವೇಟ್ ಲಿಮಿಟೆಡ್ ಕಂಪನಿ ತೆರೆಯುವುದು ಈ ವ್ಯವಹಾರದ ರೂಢಿ. ಅದರಲ್ಲಿ ಕಾನೂನುಬಾಹಿರವಾದದ್ದೇನೂ ಇಲ್ಲ. ಆದರೆ ಮನೆ ತಡವಾದಾಗ ನಿಮಗೆ ಉತ್ತರ ಕೊಡಬೇಕಾದ್ದು ಆ ಹೊಸ ಎಲ್‌ಎಲ್‌ಪಿಯೇ. ಮಾತೃ ಸಂಸ್ಥೆ ಕರಾರಿನಲ್ಲಿ ಪಕ್ಷಗಾರನಾಗದಿದ್ದರೆ ಅದರ ಮೂವತ್ತು ವರ್ಷದ ಹೆಸರು ನ್ಯಾಯಪೀಠದ ಮುಂದೆ ನಿಮ್ಮ ಕೆಲಸಕ್ಕೆ ಬರುವುದು ಕಷ್ಟ.

ಮೊದಲು ಸಿಐಎನ್, ಅಂದರೆ ಕಂಪನಿಯ ಗುರುತಿನ ಸಂಖ್ಯೆ, ನೋಡಿ. ಕಂಪನಿಯ ಲೆಟರ್‌ಹೆಡ್ಡಿನಲ್ಲಿ ಕಡ್ಡಾಯವಾಗಿ ಇರಬೇಕಾದ 21 ಅಕ್ಷರ-ಅಂಕಿಗಳ ಸಂಖ್ಯೆ ಇದು. ‘ಯು 70102 ಕೆಎ 2019 ಪಿಟಿಸಿ’ ಎಂದಿದ್ದರೆ, ಷೇರುಪೇಟೆಯಲ್ಲಿ ಇಲ್ಲದ ಕಂಪನಿ (ಇದ್ದರೆ ‘ಎಲ್’), ಉದ್ಯಮದ ಸಂಕೇತ 70102, ನೋಂದಣಿ ಕರ್ನಾಟಕದಲ್ಲಿ, ಹುಟ್ಟಿದ ವರ್ಷ 2019, ಪ್ರೈವೇಟ್ ಲಿಮಿಟೆಡ್ ಎಂದು ಓದಬೇಕು. ಕೊನೆಯ ಆರು ಅಂಕಿ ನೋಂದಣಿ ಸಂಖ್ಯೆ. ಕಂಪನಿ ಹೆಸರು ಬದಲಿಸಿಕೊಂಡರೂ ವರ್ಷ ಬದಲಾಗುವುದಿಲ್ಲ. ಎಲ್‌ಎಲ್‌ಪಿಗಳ ಸಂಖ್ಯೆಯಲ್ಲಿ ವರ್ಷ ಇರುವುದಿಲ್ಲವಾದ್ದರಿಂದ ಕಾರ್ಪೊರೇಟ್ ವ್ಯವಹಾರಗಳ ಸಚಿವಾಲಯದ ಪೋರ್ಟಲ್‌ನಲ್ಲಿ ನೋಂದಣಿ ದಿನಾಂಕ ಹುಡುಕಬೇಕು.

ಬ್ರೋಷರಿನ ವರ್ಷಕ್ಕೂ ಸಿಐಎನ್ ವರ್ಷಕ್ಕೂ ತಾಳೆಯಾಗದಿದ್ದರೆ ಅದು ಮೋಸವೇ ಆಗಬೇಕಿಲ್ಲ. ಬೆಂಗಳೂರಿನ ಪ್ರೆಸ್ಟೀಜ್ ಮತ್ತು ಬ್ರಿಗೇಡ್ ಸಮೂಹಗಳೆರಡೂ ತಮ್ಮ ಆರಂಭವನ್ನು 1986ರಿಂದ ಎಣಿಸುತ್ತವೆ. ಪಾಲುದಾರಿಕೆ ಸಂಸ್ಥೆಗಳು ಮುಂದೆ ಕಂಪನಿಗಳಾದ್ದರಿಂದ ಸಿಐಎನ್‌ನಲ್ಲಿ ಕ್ರಮವಾಗಿ 1997 ಮತ್ತು 1995 ಎಂದು ಕಾಣುತ್ತದೆ. ಸಣ್ಣ ಊರಿನ ಡೆವಲಪರ್ ಇದೇ ಮಾತು ಹೇಳಿದರೆ ಹಳೆಯ ಪಾಲುದಾರಿಕೆ ಪತ್ರ, ಪರಿವರ್ತನೆಯ ದಾಖಲೆ ಕೇಳಿ. ಇದ್ದವರು ಕೊಡುತ್ತಾರೆ.

ಸಚಿವಾಲಯದ ಅದೇ ಪೋರ್ಟಲ್‌ನಲ್ಲಿ ‘ಚಾರ್ಜ್’ಗಳ, ಅಂದರೆ ಕಂಪನಿಯ ಆಸ್ತಿಯ ಮೇಲೆ ಸಾಲದಾತರಿಗಿರುವ ಹಕ್ಕುಗಳ, ಪಟ್ಟಿಯಿದೆ. ಆಸ್ತಿ ಅಡವಿಟ್ಟು ಸಾಲ ಪಡೆದರೆ 2013ರ ಕಂಪನಿ ಕಾಯ್ದೆಯ 77ನೇ ಕಲಂ ಪ್ರಕಾರ 30 ದಿನದೊಳಗೆ ನೋಂದಾಯಿಸಬೇಕು. ತೀರಿದ ಮೇಲೆ ಅದನ್ನೂ ದಾಖಲಿಸಬೇಕು. ಸಾಲ ಇರುವುದು ತಪ್ಪಲ್ಲ, ಸಾಲವಿಲ್ಲದೆ ಕಟ್ಟಡ ಏಳುವುದಿಲ್ಲ. ನೋಡಬೇಕಾದ್ದು ಸಾಲದ ನಡಿಗೆ. ಪ್ರಾಜೆಕ್ಟ್ ಮುಗಿದಂತೆ ಚಾರ್ಜ್ ತೀರುತ್ತಾ ಬಂದಿದ್ದರೆ ಒಳ್ಳೆಯ ಲಕ್ಷಣ. ಒಂದೇ ಸಾಲ ಮತ್ತೆ ಮತ್ತೆ ತಿದ್ದುಪಡಿಯಾಗಿ ಮೊತ್ತ ಏರುತ್ತಿದ್ದರೆ, ಬ್ಯಾಂಕಿನಿಂದ ಹೆಚ್ಚು ಬಡ್ಡಿಯ ಹಣಕಾಸು ಸಂಸ್ಥೆಗೆ ಸಾಲ ಜಾರಿದ್ದರೆ, ಹಣ ಬಿಗಿಯಾಗಿದೆ ಎಂದೇ ಲೆಕ್ಕ. ಚಾರ್ಜ್ ಇರುವ ಪ್ರಾಜೆಕ್ಟಿನಲ್ಲಿ ನಿಮ್ಮ ಫ್ಲ್ಯಾಟ್ ಸಂಖ್ಯೆ ನಮೂದಿಸಿದ ನಿರಾಕ್ಷೇಪಣಾ ಪತ್ರವನ್ನು ಸಾಲದಾತನಿಂದಲೇ ಪಡೆಯಿರಿ. ‘ಇಡೀ ಪ್ರಾಜೆಕ್ಟಿಗೆ ಎನ್‌ಒಸಿ ಇದೆ’ ಎಂಬ ಬಾಯಿಮಾತು ಸಾಲದು.

ಇನ್ನು ಜಮೀನು. ಕರ್ನಾಟಕದ ಡೆವಲಪರ್‌ಗಳ ಇತಿಹಾಸ ಬೇರೆ ಹಲವು ರಾಜ್ಯಗಳಿಗಿಂತ ಭಿನ್ನವಾಗುವುದು ಇಲ್ಲಿ. 1961ರ ಭೂ ಸುಧಾರಣಾ ಕಾಯ್ದೆಯ 79ಬಿ ಕಲಂ 2020ರಲ್ಲಿ ರದ್ದಾಗುವ ತನಕ ಕಂಪನಿಗಳು ಕೃಷಿ ಜಮೀನನ್ನು ನೇರವಾಗಿ ಹೊಂದುವಂತಿರಲಿಲ್ಲ; 109ನೇ ಕಲಂ ಅಡಿ ಸರ್ಕಾರ ವಿನಾಯಿತಿ ಕೊಟ್ಟರಷ್ಟೇ ದಾರಿ. ಹೀಗಾಗಿ ರೈತರೊಂದಿಗೆ ಕ್ರಯದ ಕರಾರು, ಜೊತೆಗೊಂದು ಜಿಪಿಎ (ಅವರ ಪರವಾಗಿ ವ್ಯವಹರಿಸಲು ಅಧಿಕಾರಪತ್ರ), ರೈತರ ಹೆಸರಲ್ಲೇ ಭೂ ಕಂದಾಯ ಕಾಯ್ದೆಯ 95ನೇ ಕಲಂ ಪ್ರಕಾರ ಭೂ ಪರಿವರ್ತನೆ (ಕೃಷಿ ಜಮೀನನ್ನು ಕೃಷಿಯೇತರ ಬಳಕೆಗೆ ಬದಲಿಸುವುದು), ಆಮೇಲೆ ಕಂಪನಿಗೆ ಕ್ರಯ ಅಥವಾ ಜಂಟಿ ಅಭಿವೃದ್ಧಿ ಕರಾರು (ಜಮೀನು ಮಾಲೀಕರದು, ಕಟ್ಟುವುದು ಬಿಲ್ಡರ್ ಎಂಬ ಒಪ್ಪಂದ), ಹೀಗೆ ಸರಪಳಿ ಬೆಳೆಯುತ್ತಿತ್ತು. ಹಳೆಯ ಕಂಪನಿಗಳ ‘ಲ್ಯಾಂಡ್ ಬ್ಯಾಂಕ್’ ಎಷ್ಟೋ ಸಲ ಇಂಥ ಕಾಗದಗಳ ಕಟ್ಟು.

ಸರಪಳಿ ಎಲ್ಲಿ ಕಳಚುತ್ತದೆ ಎಂಬುದೂ ಗೊತ್ತಿರುವ ಸಂಗತಿಯೇ. ಜಿಪಿಎ ಕೊಟ್ಟವರು ತೀರಿಕೊಂಡರೆ ಸಾಮಾನ್ಯವಾಗಿ ಜಿಪಿಎಯೂ ಅಲ್ಲಿಗೇ ಮುಗಿಯುತ್ತದೆ. ಆಮೇಲಿನ ದಿನಾಂಕದ ಕ್ರಯಪತ್ರಕ್ಕೆ ಅದೇ ಜಿಪಿಎ ಬಳಸಿದ್ದರೆ ವಾರಸುದಾರರು ಕೋರ್ಟಿಗೆ ಬರುತ್ತಾರೆ. ಪಿತ್ರಾರ್ಜಿತ ಜಮೀನಿಗೆ ಅಣ್ಣತಮ್ಮಂದಿರಷ್ಟೇ ಸಹಿ ಹಾಕಿ ಹೆಣ್ಣುಮಕ್ಕಳನ್ನು ಬಿಟ್ಟಿದ್ದರೆ ವಿಭಾಗದ ದಾವೆ ಕಾದಿರುತ್ತದೆ. ಪರಿಶಿಷ್ಟರಿಗೆ ಮಂಜೂರಾದ ಜಮೀನು ಸರ್ಕಾರದ ಪೂರ್ವಾನುಮತಿ ಇಲ್ಲದೆ ಕೈಬದಲಾಗಿದ್ದರೆ 1978ರ ಪಿಟಿಸಿಎಲ್ (ಕೆಲವು ಜಮೀನುಗಳ ಪರಭಾರೆ ನಿಷೇಧ) ಕಾಯ್ದೆ ಆ ವ್ಯವಹಾರವನ್ನೇ ಅನೂರ್ಜಿತ ಎನ್ನುತ್ತದೆ. 2023ರ ತಿದ್ದುಪಡಿ ಕಾಲಮಿತಿ ಇಲ್ಲ ಎನ್ನುವುದರಿಂದ ‘ತುಂಬಾ ಹಳೆಯ ವಿಷಯ’ ಎಂಬ ಸಮಾಧಾನವನ್ನೂ ಪೂರ್ತಿ ನೆಚ್ಚಿಕೊಳ್ಳುವಂತಿಲ್ಲ. ಆದ್ದರಿಂದ 13 ವರ್ಷದ ಇಸಿ (ಋಣಭಾರ ಪ್ರಮಾಣಪತ್ರ) ಸಾಲದು, ಕನಿಷ್ಠ 30 ವರ್ಷದ್ದು ಬೇಕು. ಅದರ ಜೊತೆ ಮೂಲ ಮಂಜೂರಾತಿ ದಾಖಲೆ, ಮ್ಯುಟೇಶನ್ (ಹಕ್ಕು ಬದಲಾವಣೆ) ಪ್ರತಿ, ತಹಶೀಲ್ದಾರರ ಕಚೇರಿಯಿಂದ ವಂಶವೃಕ್ಷ ಬೇಕು. ಇಸಿಯಲ್ಲಿ ಕಾಣುವುದು ನೋಂದಣಿಯಾದದ್ದು ಮಾತ್ರ ಎಂಬುದೂ ನೆನಪಿರಲಿ.

ರೇರಾ, ಅಂದರೆ ರಿಯಲ್ ಎಸ್ಟೇಟ್ ನಿಯಂತ್ರಣ ಕಾಯ್ದೆ ಮತ್ತು ಅದರಡಿಯ ಪ್ರಾಧಿಕಾರ, ಬಂದಮೇಲೆ ಕೆಲಸ ಸ್ವಲ್ಪ ಸುಲಭವಾಗಿದೆ. ಕಾಯ್ದೆಯ 4ನೇ ಕಲಂ ಪ್ರಕಾರ ಪ್ರವರ್ತಕರು (ಪ್ರಾಜೆಕ್ಟಿನ ಬಿಲ್ಡರ್) ಹಿಂದಿನ ಐದು ವರ್ಷಗಳ ಪ್ರಾಜೆಕ್ಟುಗಳು, ಅವುಗಳ ವಿಳಂಬ, ಬಾಕಿ ಪ್ರಕರಣಗಳನ್ನು ಬರೆದುಕೊಡಬೇಕು. ಇದು ಅವರೇ ಬರೆದ ಹೇಳಿಕೆ. ಕರ್ನಾಟಕ ರೇರಾ ಜಾಲತಾಣದ ಆದೇಶಗಳ ಜೊತೆ ಹೋಲಿಸಲೇಬೇಕು. ಸಮೂಹದ ಹೆಸರಲ್ಲಿ ಮಾತ್ರ ಹುಡುಕಿದರೆ ಏನೂ ಸಿಗದಿರಬಹುದು. ನಿರ್ದೇಶಕರ ಡಿಐಎನ್ (ಗುರುತಿನ ಸಂಖ್ಯೆ) ಹಿಡಿದು ಅವರ ಉಳಿದ ಕಂಪನಿ, ಎಲ್‌ಎಲ್‌ಪಿಗಳ ಹೆಸರು ಬರೆದುಕೊಂಡು ಒಂದೊಂದನ್ನೂ ಹುಡುಕಿ. ದೂರು ಇರುವುದಕ್ಕಿಂತ ಮುಖ್ಯ, ಆದೇಶವಾದ ಹಣ ಕೊಟ್ಟರೇ ಎಂಬುದು. ಕೊಡದಿದ್ದಾಗ ರೇರಾ ವಸೂಲಾತಿ ಪ್ರಮಾಣಪತ್ರ ಹೊರಡಿಸುತ್ತದೆ, ಅದು ಭೂ ಕಂದಾಯದ ಬಾಕಿಯಂತೆ ಜಿಲ್ಲಾಧಿಕಾರಿಗೆ ಹೋಗುತ್ತದೆ. ಅಂಥ ಪ್ರಮಾಣಪತ್ರಗಳು ಬಾಕಿ ಬಿದ್ದಿರುವ ಪ್ರವರ್ತಕರಿಂದ ದೂರ ಇರಿ ಎಂದು ಯಾವ ಹಿಂಜರಿಕೆಯೂ ಇಲ್ಲದೆ ಹೇಳಬಹುದು.

ಕೊನೆಗೆ, ಅವರು ಕಟ್ಟಿದ ಎರಡು ಮೂರು ಹಳೆಯ ಅಪಾರ್ಟ್‌ಮೆಂಟುಗಳಿಗೆ ಹೋಗಿ ನಿವಾಸಿಗಳ ಸಂಘದವರನ್ನು ಮಾತನಾಡಿಸಿ. ಕರಾರಿನಲ್ಲಿದ್ದ ಹಸ್ತಾಂತರದ ದಿನಾಂಕ ಯಾವುದು, ಒಸಿ (ಕಟ್ಟಡ ವಾಸಕ್ಕೆ ಸಿದ್ಧ ಎಂಬ ಸ್ವಾಧೀನಾನುಭವ ಪತ್ರ) ಬಂದ ದಿನಾಂಕ ಯಾವುದು? ಒಸಿ ಬಂದೇ ಇಲ್ಲವೇ? ಕಾರ್ಪಸ್ ಹಣ (ನಿರ್ವಹಣೆಗೆಂದು ಕೊಳ್ಳುವವರಿಂದ ಮೊದಲೇ ಪಡೆದ ಠೇವಣಿ) ಬಡ್ಡಿಸಹಿತ ಸಂಘಕ್ಕೆ ಸೇರಿತೇ? ಡೀಡ್ ಆಫ್ ಡಿಕ್ಲರೇಶನ್ (ಫ್ಲ್ಯಾಟ್ ಮತ್ತು ಸಾಮಾನ್ಯ ಜಾಗಗಳ ವಿವರವಿರುವ ಘೋಷಣಾ ಪತ್ರ) 1972ರ ಅಪಾರ್ಟ್‌ಮೆಂಟ್ ಮಾಲೀಕತ್ವ ಕಾಯ್ದೆಯಡಿ ನೋಂದಣಿಯಾಗಿದೆಯೇ? ಕೊಳಚೆ ನೀರು ಶುದ್ಧೀಕರಣ ಘಟಕ ಓಡುತ್ತಿದೆಯೇ? ಒಸಿಗೆ ಎರಡು ವರ್ಷ ತಡವಾದದ್ದು ಒಂದು ಪ್ರಾಜೆಕ್ಟಿನಲ್ಲಾದರೆ ಕಾರಣ ಕೇಳಬಹುದು; ಮೂರರಲ್ಲೂ ಆಗಿದ್ದರೆ ನಾಲ್ಕನೆಯದರ ದಿನಾಂಕವನ್ನು ನಂಬಿ ಬಾಡಿಗೆ ಮನೆ ಬಿಡಬೇಡಿ.

ಇಷ್ಟಾದ ಮೇಲೆ ಭೂ ಪರಿವರ್ತನೆ ಆದೇಶ, ಜಂಟಿ ಅಭಿವೃದ್ಧಿ ಕರಾರು, ಮಂಜೂರಾದ ನಕ್ಷೆ, ರೇರಾ ನೋಂದಣಿ ಮತ್ತು ನಿಮ್ಮ ಕ್ರಯದ ಕರಾರು ಐದನ್ನೂ ಪಕ್ಕಪಕ್ಕ ಇಟ್ಟು ಸರ್ವೆ ನಂಬರ್, ವಿಸ್ತೀರ್ಣ, ಪಕ್ಷಗಾರರ ಹೆಸರುಗಳು ಒಂದಕ್ಕೊಂದು ಹೊಂದುತ್ತವೆಯೇ ನೋಡಿ. ಹೆಸರು ಬದಲಾದಲ್ಲೆಲ್ಲ ಅದಕ್ಕೆ ನೋಂದಾಯಿತ ಪತ್ರವೊಂದು ಇರಬೇಕು. ನೋಂದಾಯಿತ ಕರಾರಿಗೆ ಮೊದಲು ಒಟ್ಟು ಬೆಲೆಯ ಶೇ 10ಕ್ಕಿಂತ ಹೆಚ್ಚು ಪಡೆಯಲು ರೇರಾದ 13ನೇ ಕಲಂ ಪ್ರಕಾರ ಪ್ರವರ್ತಕರಿಗೆ ಅಧಿಕಾರವಿಲ್ಲ. ಬುಕಿಂಗ್ ಚೆಕ್ಕನ್ನೂ ಸಮೂಹದ ಹೆಸರಿಗೆ ಬರೆಯದೆ ರೇರಾದಲ್ಲಿ ತೋರಿಸಿರುವ ಪ್ರಾಜೆಕ್ಟ್ ಖಾತೆಗೇ ಬರೆಯಿರಿ.