ಮಂತ್ರಕ್ರಮ ಗಣಿತ: ನಾಲ್ಕು ಮೂಲೆಯ ಬಿಲ್ಲೆ

ಈ ಗಣಿತ ಮಾಂತ್ರಿಕರ ಲೋಕದ್ದು. ಇಲ್ಲಿ ಒಂದರ ಹಿಂದೆ ಒಂದು ಮಂತ್ರ ಹೇಳುವುದೇ ಲೆಕ್ಕ ಮಾಡುವುದು. ಹೊಸಬರೆಲ್ಲ ಮೊದಲು ಮಂತ್ರಗಳ ಉದ್ದ ಪಟ್ಟಿಯನ್ನು ಬಾಯಿಪಾಠ ಮಾಡಲು ಕೂರುತ್ತಾರೆ. ಸುಮ್ನೆ ಕಷ್ಟ. ಒಂದು ಬಿಲ್ಲೆ, ಎರಡು ಮಂತ್ರ ಇದ್ದರೆ ಮುಕ್ಕಾಲು ಪಾಠ ಮುಗಿಯುತ್ತದೆ.

ಚೌಕಾಕಾರದ ಗಾಜಿನ ಬಿಲ್ಲೆ ತೆಗೆದುಕೊಳ್ಳಿ. ಎಡ ಮೇಲ್ಮೂಲೆಯಿಂದ ಗಡಿಯಾರದ ದಿಕ್ಕಿನಲ್ಲಿ ಬೆಂಕಿ, ಗಾಳಿ, ನೀರು, ಮಣ್ಣು ಎಂದು ಬರೆಯಿರಿ. ‘ತಿ’ ಮಂತ್ರ ಬಿಲ್ಲೆಯನ್ನು ಗಡಿಯಾರದ ದಿಕ್ಕಿನಲ್ಲಿ ಕಾಲು ಸುತ್ತು ತಿರುಗಿಸುತ್ತದೆ. ‘ಮ’ ಮಂತ್ರ ಪುಸ್ತಕದ ಹಾಳೆ ಮಗುಚಿದ ಹಾಗೆ ಎಡವನ್ನು ಬಲಕ್ಕೆ, ಬಲವನ್ನು ಎಡಕ್ಕೆ ಹಾಕುತ್ತದೆ. ಬರೆದದ್ದನ್ನು ಎಡದಿಂದ ಬಲಕ್ಕೆ ಓದಬೇಕು. ‘ತಿಮ’ ಅಂದರೆ ಮೊದಲು ತಿ, ಆಮೇಲೆ ಮ.

ಈಗ ಬೆಂಕಿಯ ಮೇಲೆ ಕಣ್ಣಿಡಿ. ತಿ ಹೇಳಿದರೆ ಬೆಂಕಿ ಬಲ ಮೇಲ್ಮೂಲೆಗೆ ಹೋಗುತ್ತದೆ. ಮ ಹೇಳಿದರೆ ಮತ್ತೆ ಎಡ ಮೇಲ್ಮೂಲೆಗೇ ಬರುತ್ತದೆ. ಸರದಿ ಬದಲಿಸಿ ನೋಡಿ. ಮೊದಲು ಮ, ಬೆಂಕಿ ಬಲ ಮೇಲೆ. ಆಮೇಲೆ ತಿ, ಬೆಂಕಿ ಬಲ ಕೆಳಗೆ. ಅದೇ ಎರಡು ಮಂತ್ರ, ಬೇರೆ ಉತ್ತರ. ಎರಡಕ್ಕೆ ಮೂರು ಕೂಡಿಸಿದರೂ ಮೂರಕ್ಕೆ ಎರಡು ಕೂಡಿಸಿದರೂ ಐದೇ. ಆ ಸವಲತ್ತು ಇಲ್ಲಿಲ್ಲ.

ಹಾಗಂತ ಕಂಗಾಲಾಗಬೇಡಿ. ಮೂರು ನಿಯಮ ಸಾಕು: ತಿ ನಾಲ್ಕು ಸಲ ಹೇಳಿದರೆ ಏನೂ ಆಗಿಲ್ಲದ ಹಾಗೆ. ಮ ಎರಡು ಸಲ ಹೇಳಿದರೂ ಅಷ್ಟೇ. ಮೂರನೆಯದು, ತಿಮ = ಮತಿತಿತಿ. ಈ ಮೂರನೆಯದೇ ಜಾಸ್ತಿ ಕೆಲಸಕ್ಕೆ ಬರುವುದು. ಇದರಿಂದ ಎಷ್ಟು ಉದ್ದದ ಮಂತ್ರವಿದ್ದರೂ ಮ-ಗಳನ್ನೆಲ್ಲ ಎಡತುದಿಗೆ ತಳ್ಳಬಹುದು. ಜೋಡಿ ಮ-ಗಳು ಅಳಿಸಿಹೋಗುತ್ತವೆ. ಕೊನೆಗೆ ಉಳಿಯುವುದು ಹೆಚ್ಚೆಂದರೆ ಒಂದು ಮ, ಮೂರು ತಿ. ಅಂದರೆ ಮ ಇದೆ ಅಥವಾ ಇಲ್ಲ, ತಿ ಸೊನ್ನೆಯಿಂದ ಮೂರು. ಒಟ್ಟು 8 ಸ್ಥಿತಿ. ನೂರು ಅಕ್ಷರದ ಮಂತ್ರ ಕೊಟ್ಟು ಹೆದರಿಸುವ ಪರೀಕ್ಷೆ ಪ್ರಶ್ನೆಗಳ ಗುಟ್ಟು ಇಷ್ಟೇ.

ಆದರೆ ನಾಲ್ಕು ಹೆಸರುಗಳನ್ನು ನಾಲ್ಕು ಮೂಲೆಯಲ್ಲಿ 24 ಥರ ಬರೆಯಬಹುದು, ಅಲ್ವಾ? ಉಳಿದ 16 ಎಲ್ಲಿ ಹೋದವು? ತಿ ಆಗಲಿ ಮ ಆಗಲಿ, ಎದುರುಬದುರು ಮೂಲೆಗಳನ್ನು ಎದುರುಬದುರಾಗಿಯೇ ಇಡುತ್ತವೆ. ಬೆಂಕಿಯ ಎದುರು ಯಾವಾಗಲೂ ನೀರೇ. ಹಾಗಾಗಿ ಬೆಂಕಿ, ನೀರು ಅಕ್ಕಪಕ್ಕ ಬಂದರೆ ಮಾತ್ರ ತೆರೆಯುವ ಬಾಗಿಲಿದ್ದರೆ, ಅದರ ಮುಂದೆ ನಿಂತು ತಿ, ಮ ಎಂದು ಗಂಟಲು ಹರಿದುಕೊಂಡರೂ ಪ್ರಯೋಜನವಿಲ್ಲ. ಇದು ನನಗೆ ಈ ವಿಷಯದಲ್ಲೇ ಅತಿ ಇಷ್ಟದ ಭಾಗ. ಒಂದು ಮಂತ್ರವನ್ನೂ ಹೇಳಿ ನೋಡದೆ, ಆಗುವುದಿಲ್ಲ ಎಂದು ಖಡಾಖಂಡಿತವಾಗಿ ಹೇಳಬಹುದು.

ನಮ್ಮ ಲೋಕದಲ್ಲಿ ಇದೇ ಲೆಕ್ಕಕ್ಕೆ ಗ್ರೂಪ್ ಥಿಯರಿ ಎನ್ನುತ್ತಾರೆ. 1974ರಲ್ಲಿ ಎರ್ನೋ ರೂಬಿಕ್ ಮಾಡಿದ ಕ್ಯೂಬ್‌ನದ್ದೂ ಇದೇ ಕಥೆ. ಅದನ್ನು ಬಿಚ್ಚಿ, ತುಂಡುಗಳನ್ನು ಮನಸ್ಸಿಗೆ ಬಂದಂತೆ ಜೋಡಿಸಿದರೆ, ಬರೀ ತಿರುಗಿಸಿ ಸರಿಮಾಡಲು ಆಗುವ ಸಾಧ್ಯತೆ 12ರಲ್ಲಿ 1 ಮಾತ್ರ.

ಬೂದಿ ಮಂತ್ರ ‘ಬೂ’ ಬಗ್ಗೆ ಎರಡೇ ಮಾತು. ಅದು ನಾಲ್ಕೂ ಮೂಲೆಯನ್ನು ಬೂದಿ ಮಾಡುತ್ತದೆ. ಮೊದಲು ಬಿಲ್ಲೆ ಹೇಗೇ ಇರಲಿ, ಆಮೇಲೆ ಒಂದೇ ಥರ. ಬೇರೆ ಬೇರೆ ಸ್ಥಿತಿಗಳು ಬೆರೆತು ಒಂದಾದ ಮೇಲೆ ಯಾವುದಕ್ಕೆ ವಾಪಸ್ ಹೋಗುವುದು? ಅದಕ್ಕೇ ಬೂ-ಗೆ ಮರುಮಂತ್ರ, ಅಂದರೆ ಅದನ್ನು ರದ್ದು ಮಾಡುವ ಮಂತ್ರ, ಇಲ್ಲ.

ಉಳಿದವಕ್ಕೆಲ್ಲ ಇದೆ, ಆದರೆ ಹಿಂದಿನಿಂದ ಬಿಚ್ಚಿಕೊಂಡು ಬರಬೇಕು. ತಿಮ ಹೇಳಿದ್ದರೆ ಮೊದಲು ಮ-ವನ್ನು, ಆಮೇಲೆ ತಿ-ಯನ್ನು ರದ್ದು ಮಾಡಬೇಕು. ಅದು ಮತಿತಿತಿ. ಮೇಲಿನ ಮೂರನೆಯ ನಿಯಮ ಮತ್ತೊಮ್ಮೆ ನೋಡಿ: ತಿಮ ತನಗೆ ತಾನೇ ಮರುಮಂತ್ರ!

ಇನ್ನು ಆ ಬಾಗಿಲು. ಮೇಲಿನ ಎರಡು ಮೂಲೆಗಳನ್ನಷ್ಟೇ ಅದಲುಬದಲು ಮಾಡುವ ‘ಅ’ ಮಂತ್ರ ಕಲಿತರೆ 24 ಸ್ಥಿತಿಗಳೂ ಕೈಗೆ ಸಿಗುತ್ತವೆ. ಬಲಬದಿಯ ಎರಡು ಮೂಲೆ ಬದಲಾಗಬೇಕಿದ್ದರೆ? ಅವನ್ನು ತಿತಿತಿ ಹೇಳಿ ಮೇಲಕ್ಕೆ ತನ್ನಿ, ಅ ಹೇಳಿ, ತಿ ಹೇಳಿ ಬಿಲ್ಲೆಯನ್ನು ಮೊದಲಿನ ದಿಕ್ಕಿಗೆ ತನ್ನಿ. ಬೆಂಕಿ, ನೀರು, ಗಾಳಿ, ಮಣ್ಣು ಎಂದು ಬಂದರೆ ನೀವು ಮಾಡಿದ್ದು ಸರಿ. ಕೆಳಬದಿಯದ್ದನ್ನು ಇದೇ ಥರ ನೀವೇ ಮಾಡಿ ನೋಡಿ.